ಅಮ್ಮ ಕೇಳಿಸಿಕೊಂಡ ಕೊನೆಯ ಕಂತು

ನಂಬದವರು ಬೆರಳು ಜಾರಿಸಿ ಮುಂದಿನ ಪೋಸ್ಟಿಗೆ ಹೋಗಿ, ನನಗೇನೂ ಬೇಜಾರಿಲ್ಲ. ಆದರೆ ಕೆಳಗೆ ‘ಕಟ್ಟುಕಥೆ’ ಅಂತ ಮಾತ್ರ ಬರೆಯಬೇಡಿ. ಆ ರಾತ್ರಿ ಕಳೆದು ಬೆಳಗಾಗುವಾಗ ಹೋದದ್ದು ನನ್ನ ಅಮ್ಮ.

ತೊಂಬತ್ತರ ದಶಕದ ಕೊನೆ. ಮಲ್ಲೇಶ್ವರದಲ್ಲಿ ನಮ್ಮ ಬಾಡಿಗೆ ಮನೆ. ಅಮ್ಮನಿಗೆ ಕ್ಯಾನ್ಸರ್. ‘ಮನೆಯಲ್ಲೇ ನೋಡಿಕೊಳ್ಳಿ’ ಅಂತ ಡಾಕ್ಟರು ಕಳಿಸಿದ್ದರು. ಹಾಗೆಂದರೆ ಏನು ಅಂತ ನಿಮಗೂ ಗೊತ್ತು.

ಅಮ್ಮನಿಗೆ ಆ ಕಾಲದ ಹೆಂಗಸರ ಒಂದು ಅಭ್ಯಾಸವಿತ್ತು. ವಾರಪತ್ರಿಕೆಯಿಂದ ಧಾರಾವಾಹಿಯ ಹಾಳೆಗಳನ್ನಷ್ಟೇ ಬಿಡಿಸಿ, ದಬ್ಬಳದಲ್ಲಿ ಹೊಲಿದು, ಮೈದಾ ಅಂಟಿನಿಂದ ರಟ್ಟು ಅಂಟಿಸಿ ಪುಸ್ತಕ ಮಾಡಿಡುವುದು. ಅಂಥವು ಒಂದು ಟ್ರಂಕು ತುಂಬ ಇದ್ದವು. ಅದರಲ್ಲೊಂದನ್ನು ತೆಗೆಸಿ, “ರಾತ್ರಿ ಹೊತ್ತು ಓದಿ ಹೇಳೇ” ಅಂದಳು.

ನಳಿನಿ ಎಂಬವಳ ಕಥೆ. ಗಂಡ ಮನೆ ಬಿಟ್ಟು ಹೋಗಿ ವರ್ಷಗಳಾಗಿವೆ. ಕಡೆಗೊಂದು ರಾತ್ರಿ ಬಾಗಿಲು ತಟ್ಟಿದ ಸದ್ದು… ಯಾರು ಅಂತ ಗೊತ್ತಾಗುವುದು ಕೊನೆಯ ಕಂತಿನಲ್ಲಿ.

ಅಷ್ಟು ಹೊತ್ತಿಗೆ ಚಾಮರಾಜಪೇಟೆಯಿಂದ ಮಾವ ಬಂದರು. ಅಮ್ಮನ ಅಣ್ಣ, ನಿವೃತ್ತ ಗಣಿತ ಮೇಷ್ಟ್ರು. ಅವರದೊಂದು ಸಿದ್ಧಾಂತವಿತ್ತು. ಕಾಲದ ಅಡಿಯಲ್ಲಿ ಕಣ್ಣಿಗೆ ಕಾಣದ ಒಂದು ಹೆಣಿಗೆ ಇದೆಯಂತೆ. ಕಥೆಗಳ ಅಡಿಯಲ್ಲಿರುವುದೂ ಅದೇ ಅಂತೆ. ಮೈಮರೆತು ಕೇಳುವವರ ಆಯಸ್ಸು ಆ ಕಥೆಗೆ ಗಂಟು ಬೀಳುತ್ತದೆ, ಕಥೆ ಮುಗಿದರೆ ಗಂಟು ಬಿಚ್ಚಿಕೊಳ್ಳುತ್ತದೆ ಅಂತ ಗ್ರಾಫ್ ಹಾಳೆಯಲ್ಲಿ ಗೆರೆ ಎಳೆದು ತೋರಿಸುತ್ತಿದ್ದರು. ಪಾರ್ಕಿನ ಬೆಂಚಿನ ಮೇಲೆ ಅವರ ಜೊತೆಯ ಮೇಷ್ಟ್ರುಗಳೇ ಅವರನ್ನು ಆಡಿಕೊಳ್ಳುತ್ತಿದ್ದರು.

“ಕೊನೇ ಕಂತು ಮಾತ್ರ ಓದ್ಬೇಡ ಪುಟ್ಟಿ. ಕಥೆ ಮುಗಿಯೋವರ್ಗೂ ನಿಮ್ಮಮ್ಮ ಇರ್ತಾಳೆ.”

ಅಪ್ಪ ರೇಗಿದರು. “ಏನ್ ಭಾವ, ನಿಮ್ಮ ಕಥೆ ಮುಗಿಯೋದೇ ಇಲ್ಲ. ಹಂಗಾದ್ರೆ ಅದನ್ನ ಕೇಳ್ತಾ ನಿಮಗೆ ಗ್ರಾಫ್ ಶೀಟ್ ಮಾರೋ ಅಂಗಡಿಯವನು ಸಾಯಲೇಬಾರ್ದು!”

“ನಗಿ, ನಗಿ. ನಮ್ಮನೆಯವಳು ಹೋದ ದಿನ, ನಾನು ಅವಳಿಗೊಂದು ಕಾದಂಬರಿ ಓದಿ ಮುಗಿಸಿದ್ದೆ.”

ಅಪ್ಪ ಎದ್ದು ಅಮ್ಮನ ಹತ್ತಿರ ಹೋಗಿ ಕೂತರು.

ನಾನು ಬಿ.ಎಸ್ಸಿ. ಓದಿದವಳು. ಆದರೂ ಅವತ್ತು ಮಧ್ಯಾಹ್ನ ಬ್ಲೇಡಿನಿಂದ ದಾರ ಕತ್ತರಿಸಿ, ಕೊನೆಯ ಕಂತನ್ನು ಬೇರೆ ಮಾಡಿ, ಒಂದು ಸಾಲೂ ಓದದೆ ಹಿಂದಿನ ರೂಮಿನಲ್ಲಿ ನನ್ನ ಹಾಸಿಗೆಯ ಕೆಳಗೆ ತುರುಕಿದೆ.

“ಕೊನೇ ಹಾಳೆಗಳಿಲ್ಲಮ್ಮ. ಇಲಿ ತಿಂದಿರ್ಬೇಕು.”

“ನಾನೇ ಹೊಲಿದಿದ್ದು ಕಣೇ, ಸರಿಯಾಗಿ ನೋಡು. ಯಾರೇ ಬಾಗಿಲು ತಟ್ಟಿದ್ದು? ಎಷ್ಟು ಯೋಚನೆ ಮಾಡಿದ್ರೂ ನೆನಪಾಗ್ತಿಲ್ಲ.”

ನಾನು ಮತ್ತೆ ಮೊದಲ ಪುಟದಿಂದ ಶುರು ಮಾಡಿದೆ. ಮುಗಿದರೆ ಮತ್ತೆ ಮೊದಲಿಂದ. ಹೀಗೇ ಹನ್ನೊಂದು ರಾತ್ರಿ. ಅಮ್ಮ ಇದ್ದಳು, ನಿಜ. ಆದರೆ ಹೇಗಿದ್ದಳು! ಹೊದಿಕೆ ತಾಗಿದರೂ ನರಳುತ್ತಿದ್ದಳು.

“ಸಾಕಾಗಿದೆ ಕಣೇ… ಅದೊಂದು ಗೊತ್ತಾದ್ರೆ ಮಲ್ಕೊಂಡ್ಬಿಡ್ತೀನಿ.”

“ನಾಳೆ ಹುಡುಕ್ತೀನಮ್ಮ.”

ಹನ್ನೆರಡನೆಯ ರಾತ್ರಿ ಕರೆಂಟ್ ಹೋಗಿತ್ತು. ಮುಂದಿನ ರೂಮಿನಲ್ಲಿ ಅಪ್ಪ, ನಡುಮನೆಯಲ್ಲಿ ಅಮ್ಮ, ಹಿಂದಿನ ರೂಮಿನಲ್ಲಿ ನಾನು. ಯಾವುದೋ ವಾಸನೆಗೆ ಎಚ್ಚರವಾಯಿತು. ಹಸಿ ಹಸಿ ಮೈದಾ ಅಂಟು, ಈಗಷ್ಟೇ ಒಲೆಯಿಂದ ಇಳಿಸಿದ ಹಾಗೆ… ಆ ಮನೆಯಲ್ಲಿ ಯಾರೂ ಅಂಟು ಕಾಯಿಸಿ ಎಷ್ಟೋ ವರ್ಷವಾಗಿತ್ತು.

ಆಮೇಲೆ ಹಾಳೆ ಮಗುಚಿದ ಸದ್ದು. ಆಮೇಲೆ ನಡುಮನೆಯಿಂದ ಒಂದು ದನಿ… ಮೆಲ್ಲಗೆ, ಸಮನಾಗಿ ಓದುತ್ತಿತ್ತು. ಮಾತು ಬಿಡಿಬಿಡಿಯಾಗಿ ಕೇಳಿಸುತ್ತಿರಲಿಲ್ಲ. ಆದರೆ ದನಿ ಯಾರದು ಅಂತ ಗೊತ್ತಾಯಿತು. ಉದ್ದದ ವಾಕ್ಯ ಬಂದರೆ ನಾನು ನಡುವೆ ಒಮ್ಮೆ ಉಗುಳು ನುಂಗುತ್ತೇನೆ. ಅದೂ ನುಂಗುತ್ತಿತ್ತು.

ಅದು ನನ್ನ ದನಿ.

ಬಾಯಿ ಮುಟ್ಟಿ ನೋಡಿಕೊಂಡೆ. ಮುಚ್ಚಿತ್ತು. ಹಾಸಿಗೆಯ ಕೆಳಗೆ ಕೈ ಹಾಕಿದೆ. ಹಾಳೆಗಳು ಇಟ್ಟಲ್ಲೇ ಇದ್ದವು. ಅವನ್ನೇ ಅದುಮಿ ಹಿಡಿದು ಮಲಗಿದ್ದೆ. ಎಷ್ಟು ಹೊತ್ತೋ… ಓದು ನಿಂತಿತು. ಅಮ್ಮ ‘ಹ್ಞೂಂ’ ಅಂದದ್ದು ಮಾತ್ರ ಸ್ಪಷ್ಟವಾಗಿ ಕೇಳಿಸಿತು.

ಕ್ಯಾಂಡಲ್ ಹಚ್ಚಿಕೊಂಡು ಹೋದೆ. ಅಮ್ಮ ಒಬ್ಬಳೇ ಇದ್ದಳು. ಎಷ್ಟೋ ದಿನದ ಮೇಲೆ ಮುಖದಲ್ಲಿ ನೋವಿರಲಿಲ್ಲ.

“ಅಂತೂ ಮುಗಿಸಿದ್ಯಲ್ಲೇ. ಒಳ್ಳೇದಾಯ್ತು.”

“ಏನಂತ ಮುಗೀತಮ್ಮ?”

“ಇದೇನೇ, ನೀನೇ ಓದಿ ನನ್ನ ಕೇಳ್ತೀಯ?” ಅಂದು ಸ್ವಲ್ಪ ನಕ್ಕಳು. “ತಟ್ಟಿದ್ದು ಹೊರಗಿಂದ ಅಲ್ಲ ಕಣೇ, ಒಳಗಿಂದ. ಮನೇಲಿದ್ದ ವಯಸ್ಸಾದೋಳು ಹೊರಗೆ ಹೋಗ್ಬೇಕು ಅಂತ ತಟ್ತಿದ್ಲು. ನಳಿನಿನೇ ಚಿಲಕ ಹಿಡ್ಕೊಂಡು ನಿಂತ್ಬಿಟ್ಟಿದ್ಲು.”

ಕ್ಯಾಂಡಲ್ ಕೆಳಗಿಟ್ಟು ಅವಳ ಪಕ್ಕದಲ್ಲಿ ಕೂತೆ.

“ಅವಳನ್ನ ಬೈಬೇಡ. ಪಾಪ, ಹೆದರ್ಕೊಂಡಿದ್ಲು ಅಷ್ಟೇ.”

ಹಾಲಿನವನು ಬರುವ ಹೊತ್ತಿಗೆ ಅಮ್ಮ ಹೋಗಿದ್ದಳು.

ಅಮ್ಮನ ಹದಿಮೂರನೆಯ ದಿನದ ಕರ್ಮ ಕಳೆದ ಮೇಲೆ ಆ ಹಾಳೆಗಳನ್ನು ತೆಗೆದು ಓದಿದೆ. ಗಂಡ ವಾಪಸು ಬರುತ್ತಾನೆ, ನಳಿನಿ ಬಾಗಿಲು ತೆಗೆಯುತ್ತಾಳೆ, ಇಬ್ಬರೂ ಅಳುತ್ತಾರೆ, ಶುಭಂ. ಆ ಮನೆಯಲ್ಲಿ ವಯಸ್ಸಾದವಳು ಯಾರೂ ಇಲ್ಲ. ಮೂರು ಸಲ ಓದಿದೆ. ಇಲ್ಲ.

ಮಾವನಿಗೊಬ್ಬರಿಗೆ ಹೇಳಿದೆ. ಅವರ ಕಣ್ಣು ಅರಳಿತು. “ಅಚ್ಚಾಗಿರೋದು ಮೇಲಿನ ಕಥೆ ಪುಟ್ಟಿ. ಅವಳು ಕೇಳಿದ್ದು ಅಡಿಯಲ್ಲಿರೋದು. ಟೈಮೆಷ್ಟಾಗಿತ್ತು ಹೇಳು, ಬರ್ಕೋತೀನಿ…”

“ಮಾವ, ದಯವಿಟ್ಟು ಎದ್ದು ಹೋಗಿ” ಅಂದೆ. ಹಿರಿಯರಿಗೆ ಹಾಗೆಂದದ್ದು ಅದೊಂದೇ ಸಲ.

ಅವರ ಸಿದ್ಧಾಂತ ನಿಜವೋ ಸುಳ್ಳೋ ನೀವೇ ಜಗಳಾಡಿಕೊಳ್ಳಿ. ನಿಜವಾದರೆ, ಆ ನೋವಿನಲ್ಲಿ ಅಮ್ಮನನ್ನು ಹನ್ನೆರಡು ದಿನ ಹಿಡಿದಿಟ್ಟವಳು ನಾನು. ಸುಳ್ಳಾದರೆ, ಸಾಯುವವಳು ಕೇಳಿದ ನಾಲ್ಕು ಹಾಳೆ ಓದದೆ ಮುಚ್ಚಿಟ್ಟವಳು ನಾನು. ಎರಡರಲ್ಲಿ ಯಾವುದು ಪರವಾಗಿಲ್ಲ, ಹೇಳಿ?

ಈಗ ಅಪ್ಪ ನನ್ನ ಜೊತೆಯಲ್ಲೇ ಇದ್ದಾರೆ. ಪ್ರತಿ ವರ್ಷ ಅಮ್ಮನ ತಿಥಿಯ ದಿನ ಊಟ ಮಾಡಿ ಎದ್ದ ಮೇಲೆ ಅದೇ ಮಾತು ಹೇಳುತ್ತಾರೆ. “ಅವತ್ತು ರಾತ್ರಿ ನೀನು ಓದ್ತಿದ್ದಿದ್ದು ನನಗೂ ಕೇಳಿಸ್ತು ಕಣಮ್ಮ. ಸದ್ಯ, ಓದಿದ್ಲಲ್ಲ ಅಂತ ನೆಮ್ಮದಿಯಾಗಿ ನಿದ್ದೆ ಹೋದೆ.”

ನಾನು ‘ಹ್ಞೂಂ ಅಪ್ಪ’ ಅನ್ನುತ್ತೇನೆ.