ತಾರೆಯ ಮುಖದಿಂದ ಎಂಬತ್ತೆಂಟು ಕಣ್ಣು ಕಿತ್ತ ಕತ್ತರಿ ಅಕ್ಕ

ಬೆಳಗಿನ ಆರು ಗಂಟೆ. ಚಿತ್ರಶಾಲೆಯ ಹಿಂದಿನ ಕೋಣೆಯಲ್ಲಿ ಕತ್ತರಿ ಅಕ್ಕ ಒದ್ದೆ ಹತ್ತಿಯನ್ನು ಒಂದು ಕಣ್ಣಿನ ಮೇಲೆ ಒತ್ತಿ ಹಿಡಿದಿದ್ದಾರೆ. ಗೋಂದು ಸಡಿಲವಾದ ಮೇಲೆ ಬ್ಲೇಡಿನ ತುದಿಯಿಂದ ಅದನ್ನು ಎಬ್ಬಿಸಿ ಬಟ್ಟಲಿನ ನೀರಿಗೆ ಹಾಕುತ್ತಾರೆ. ಬಾಗಿಲ ಬಳಿ ಸಪ್ಪಳವಾದರೆ ಕೈ ನಿಲ್ಲುತ್ತದೆ.

"ನಾನು ಕಣಕ್ಕಾ, ಹುಲಿಯಲ್ಲ," ಎನ್ನುತ್ತಾನೆ ಕಾವಲುಗಾರ.

ಅಕ್ಕ ನಗುವುದಿಲ್ಲ. "ಐವತ್ತೊಂದಾಯ್ತು. ಇನ್ನೂ ಮೂವತ್ತೇಳಿದೆ."

ಎದುರಿಗಿರುವುದು ಆಳೆತ್ತರದ ಮುಖ, ಎಲ್ಲರೂ ಬಲ್ಲ ಚಿತ್ರತಾರೆಯದು. ದೂರದಿಂದ ಅವಳೇ. ಹತ್ತಿರ ಹೋದರೆ ಸಾವಿರಾರು ಅಪರಿಚಿತರ ಹಣೆ, ಕೆನ್ನೆ, ಕೂದಲಿನ ಚೂರು. ಇಪ್ಪತ್ತಾರು ವರ್ಷದಿಂದ ಅಕ್ಕ ಫೋಟೊ ಸ್ಟುಡಿಯೊದಲ್ಲಿ ಪಾಸ್‌ಪೋರ್ಟ್ ಅಳತೆಯ ಫೋಟೊ ಕತ್ತರಿಸುತ್ತಾರೆ, ದಿನಕ್ಕೆ ಇನ್ನೂರು ಮುಖ. ರೆಪ್ಪೆ ಮುಚ್ಚಿದ್ದು, ಗಿರಾಕಿ "ಇದು ನಾನೇನಾ?" ಎಂದು ಬಿಟ್ಟುಹೋದದ್ದು ಅವರ ಬಿಸ್ಕತ್ತು ಡಬ್ಬಿ ಸೇರುತ್ತವೆ. ಅವನ್ನೇ ಚೂರು ಮಾಡಿ ಅಂಟಿಸಿ ಅಕ್ಕ ಈ ಮುಖ ಮಾಡಿದ್ದಾರೆ. ಮಕ್ಕಳ ಶಾಲೆಗೆಂದು ಫೋಟೊ ತೆಗೆಸಿದಾಗ ನಾನೂ ಹಾಗೆ ಎಷ್ಟೋ ಬಿಟ್ಟು ಬಂದಿದ್ದೇನೆ. ಅವು ಎಲ್ಲಿಗೆ ಹೋದವೆಂದು ಯೋಚಿಸಿದವಳಲ್ಲ.

"ಒಬ್ಬಳ ಮುಖ ಎಲ್ಲರಿಗೂ ಬೇಕು. ಇವರ ಮುಖ ಇವರಿಗೇ ಬೇಡ. ಸೇರ್ಸಿದ್ರೆ ಹೇಗಿರತ್ತೆ ಅಂತ ನೋಡ್ದೆ," ಎನ್ನುತ್ತಾರೆ ಅಕ್ಕ.

ಬೇರೆಡೆ ಎಲ್ಲ ಉಗುರಗಲದ ಚೂರು. ಯಾರದೆಂದು ಹೆತ್ತ ತಾಯಿಗೂ ತಿಳಿಯದು. ತಾರೆಯ ಕಣ್ಣಿಗೆ ಮಾತ್ರ ಜನರ ಕಣ್ಣುಗಳನ್ನೇ ಹುಬ್ಬಿನ ಸಮೇತ ಅಂಟಿಸಿದರು. ತಪ್ಪಾದದ್ದು ಅಲ್ಲೇ. ಚಿತ್ರಶಾಲೆಯವರು ಆ ಕಣ್ಣುಗಳ ದೊಡ್ಡ ಚಿತ್ರ, ಸ್ಟುಡಿಯೊ ವಿಳಾಸ ಸೇರಿಸಿ ಪ್ರದರ್ಶನದ ಆಹ್ವಾನವನ್ನು ಫೋನುಗಳಿಗೆ ಹರಿಬಿಟ್ಟರು. ಮೂರನೇ ದಿನ ಹೊಲಿಗೆ ಕೆಲಸದ ಹೆಂಗಸೊಬ್ಬಳು ಸ್ಟುಡಿಯೊ ಕೌಂಟರಿಗೆ ಬಂದು ಫೋನು ಚಾಚಿದಳು.

"ಎಡಗಣ್ಣಿನ ಮೂಲೇಲಿರೋದು ನಂದು. ಹುಬ್ಬು ಸೀಳಿದೆ ನೋಡಿ. ಸೀಳಿದೋನಿಗೆ ಗುರುತು ಸಿಗಲ್ವಾ, ಅಕ್ಕಾ?"

ಗಂಡನಿಂದ ನಾಲ್ಕು ವರ್ಷ ತಲೆಮರೆಸಿಕೊಂಡಿದ್ದವಳು. ಆಹ್ವಾನವನ್ನು ಅಂದೇ ಅಳಿಸಿದರೂ ಎಷ್ಟು ಫೋನುಗಳಲ್ಲಿ ಉಳಿದಿದೆಯೋ ಬಲ್ಲವರಿಲ್ಲ. ಆ ಸಂಜೆಯೇ ಅವಳು ಊರು ಬಿಟ್ಟಳು. ಅವಳ ಒಪ್ಪಿಗೆ ಪಡೆದು, ಕಸುಬು, ಗುರುತು ಬದಲಿಸಿ ಬರೆದಿದ್ದೇನೆ.

ಅವಳದೊಂದನ್ನು ಕಿತ್ತರೆ ಸಾಕೆಂದರು ಚಿತ್ರಶಾಲೆಯವರು. ಅಕ್ಕನ ಮನಸ್ಸು ಒಪ್ಪಲಿಲ್ಲ. "ಇವಳೇನೋ ಬಂದು ಹೇಳಿದ್ಲು. ಬರದೇ ಇರೋರು ಎಷ್ಟು ಜನವೋ. ಈಗ ಗಂಡಸರು ಯಾರಾದ್ರೂ ಸ್ಟುಡಿಯೊ ಮೆಟ್ಟಿಲು ಹತ್ತಿ ಫೋನು ಹೊರಗೆ ತೆಗೆದ್ರೆ ನಂಗೆ ಬೆವರು."

ಇಂದು ಹನ್ನೊಂದಕ್ಕೆ ತಾರೆಯೇ ಬಂದು ಪರದೆ ಸರಿಸಬೇಕು. ಕಣ್ಣಿಲ್ಲದ ಮುಖ ತೋರಿಸುವಂತಿಲ್ಲ. ನಿನ್ನೆ ಅಕ್ಕ ತಾವೇ ಕ್ಯಾಮೆರಾದ ಮುಂದೆ ಕುಳಿತರು.

"ಮುಖ ಸ್ವಲ್ಪ ಸಡಿಲ ಬಿಡಮ್ಮ," ಎಂದರು ಸ್ಟುಡಿಯೊ ಮಾಲೀಕರು.

"ಬಿಟ್ರೆ ಅತ್ತುಬಿಡ್ತೀನಿ ಸಾರ್. ಹೀಗೇ ತೆಗೀರಿ."

ಆರು ಹಾಳೆ ಮುದ್ರಣವಾಯಿತು. ಮನೆಯಲ್ಲಿ ಗಂಡ ನೋಡಿದರು. "ಅಂಥ ಚೆಲುವೆಗೆ ನಿನ್ನ ನಿದ್ದೆಗಣ್ಣೇನೇ? ಆಯಮ್ಮ ಬಿದ್ದು ಓಡ್ತಾಳೆ." ಹಾಗೆಂದವರೇ ಬ್ಲೇಡು ಹಿಡಿದು ಕತ್ತರಿಸಲು ಕುಳಿತರಂತೆ.

ಒಂಬತ್ತಕ್ಕೆ ಕೊನೆಯ ಕಣ್ಣು ಅಂಟುತ್ತದೆ. ದೂರದಿಂದ ಈಗಲೂ ತಾರೆಯೇ, ಆದರೆ ಏನನ್ನೋ ಕಂಡು ಬೆಚ್ಚಿದಂತಿದ್ದಾಳೆ. ಅಕ್ಕ ಬಟ್ಟಲಿನ ಚೂರುಗಳನ್ನು ಹಿಸುಕಿ ಮುದ್ದೆ ಮಾಡುತ್ತಾರೆ. ಒಂದೂ ಉಳಿದಿಲ್ಲವೆಂದು ಎರಡು ಸಲ ನೋಡುತ್ತಾರೆ.

"ಹುಡುಕ್ಕೊಂಡು ಬರೋರು ಬರ್ಲಿ," ಎನ್ನುತ್ತಾರೆ. ನೋಟ ಇನ್ನೂ ಬಾಗಿಲ ಮೇಲೆಯೇ. "ಅಲ್ಲಿರೋ ಕಣ್ಣೆಲ್ಲಾ ನಂದೇ. ನಾನು ಕೌಂಟರಲ್ಲೇ ಇರ್ತೀನಿ."