ಮಧ್ಯಾಹ್ನದ ಮೊಂಗೆ

ಪ್ಯೊ ದಾಲ್‌ಸು ಒಂದು ಕಾಲಕ್ಕೆ ಹಡಗಿನ ಅಡುಗೆಯವನು. ತೊಂಗ್ಯೊಂಗ್ ಬಂದರಿನ ಎದುರಿನ ಈ ದ್ವೀಪದಲ್ಲಿ ಮೂರು ದಿನಕ್ಕೆಂದು ಇಳಿದ, ಮಿಜೊಂಗ್ ಎಂಬವಳನ್ನು ಕಂಡ, ಮನೆಅಳಿಯನಾದ. ಅದಾಗಿ ಇಪ್ಪತ್ತೆರಡು ವರ್ಷ. ಈಗ ಅತ್ತೆಯ ಮೊಂಗೆ ಸಾಕಣೆಯೇ ಅವನ ಪಾಲಿನ ಕಡಲು. ಮೊಂಗೆಯೆಂದರೆ ಮುಷ್ಟಿಗಾತ್ರದ ಕೆಂಪು ಕಡಲಜೀವ. ಮೈತುಂಬ ಗುಳ್ಳೆ, ಅಮುಕಿದರೆ ಮುಖಕ್ಕೇ ನೀರು ಚಿಮ್ಮಿಸುತ್ತದೆ. ಅದನ್ನು ಅವನು ಒಮ್ಮೆಯೂ ಇಷ್ಟಪಟ್ಟು ತಿಂದವನಲ್ಲ; ಹಾಗೆಂದು ಬಾಯಿಬಿಟ್ಟು ಹೇಳುವಷ್ಟು ಧೈರ್ಯಸ್ಥನೂ ಅಲ್ಲ.

ಹೋದ ವರ್ಷ ಮೀನುಗಾರಿಕೆ ಇಲಾಖೆಯ ಹುಡುಗಿಯೊಬ್ಬಳು ಬಂದು ಊರವರಿಗೆ ಪಾಠ ಮಾಡಿದ್ದಳು. ಮೊಂಗೆ ಸಿಂಪಿಯ ನೆಂಟನಲ್ಲ, ನಮ್ಮ ನೆಂಟ. ಮರಿಯಾಗಿದ್ದಾಗ ಅದಕ್ಕೆ ಗೊದಮೊಟ್ಟೆಯ ಹಾಗೆ ಬಾಲ, ಬೆನ್ನೆಲುಬಿಗೆ ಮುತ್ತಜ್ಜನಂಥ ಒಂದು ಸರಳು, ಚಿಟಿಕೆಯಷ್ಟು ಮಿದುಳು. ಸ್ವಲ್ಪ ಹೊತ್ತು ಈಜುತ್ತದೆ. ಆಮೇಲೆ ಎಲ್ಲಾದರೂ ತಲೆ ಅಂಟಿಸಿಕೊಂಡು, ಬಾಲವನ್ನೂ ಇದ್ದಷ್ಟು ಮಿದುಳನ್ನೂ ಕರಗಿಸಿಕೊಂಡು, ದಪ್ಪ ತೊಗಲಿನ ಅಂಗಿ ತೊಟ್ಟು ಕೂತುಬಿಡುತ್ತದೆ.

“ಅಯ್ಯೋ, ಇದು ನಮ್ಮ ಅಳಿಯಂದಿರ ಕಥೆ ಕಣಮ್ಮಾ!” ಎಂದರು ಅತ್ತೆ. ಊರೆಲ್ಲ ಬಿದ್ದು ಬಿದ್ದು ನಕ್ಕಿತು. ದಾಲ್‌ಸುವೂ ನಕ್ಕ, ನಗದಿದ್ದರೆ ಕಥೆ ನಿಜವಾಗಿಬಿಡುತ್ತಿತ್ತು.

ಈ ಚಳಿಗಾಲ ಹಳೆಯ ಗೆಳೆಯ ಕ್ಯಾಪ್ಟನ್ ನಮ್‌ಗುಂಗ್ ಫೋನ್ ಮಾಡಿದ. “ಅಡುಗೆಯವನು ಕೈಕೊಟ್ಟ ಕಣೋ. ಮೂರೇ ತಿಂಗಳು. ಶುಕ್ರವಾರ ಮಧ್ಯಾಹ್ನ ಎರಡಕ್ಕೆ ಬುಸಾನ್ ಬಿಡ್ತೀವಿ. ಬರ್ತೀಯೋ, ಅಲ್ಲೇ ಅಂಟ್ಕೊಂಡಿರ್ತೀಯೋ?”

ಮಿಜೊಂಗ್ ಒಪ್ಪಿದಳು. “ಹೋಗಿ ಬನ್ನಿ. ಆದ್ರೆ ತಾಯಿಮೊಂಗೆಗಳು ಮೊಟ್ಟೆ ಬಿಟ್ಟ ಮೇಲೆ ಹೋಗಿ. ತಕ್ಷಣ ಅವನ್ನ ತೊಟ್ಟಿಯಿಂದ ಎತ್ತದಿದ್ರೆ ನೀರು ಕೆಡುತ್ತೆ. ಮೂವತ್ತು ಬುಟ್ಟಿ ಎತ್ತೋಕೆ ನನ್ನ ಸೊಂಟಕ್ಕೆ ಆಗುತ್ತೇನ್ರೀ? ಮರಿ ಅಂಟೋಕೆ ನಾರಿನ ಹಗ್ಗ ಇಳಿಬಿಡೋದು ನಾನು, ಅಮ್ಮ ನೋಡ್ಕೋತೀವಿ.”

ದಾಲ್‌ಸು ಲೆಕ್ಕ ಹಾಕಿದ. ಈ ಸಲದ ಮೊಟ್ಟೆ ಬಲಿಯುವುದೂ ಶುಕ್ರವಾರಕ್ಕೇ. ಮೊಂಗೆಗಳು ಮೊಟ್ಟೆ ಬಿಡುವುದು ಸೂರ್ಯ ಹುಟ್ಟುವಾಗ. ಇಷ್ಟು ವರ್ಷ ಕಂಡದ್ದು ಅದೇ. ದ್ವೀಪದಿಂದ ಹೊರಡುವ ದೋಣಿ ಒಂಬತ್ತಕ್ಕೆ. ಅದು ತಪ್ಪಿದರೆ ಇನ್ನೊಂದು ಸಂಜೆಗೇ. ಬೇಕಾದಷ್ಟು ಹೊತ್ತಿದೆ. ಈ ಸಲ ಮನೆಯ ತಾಯಿಮೊಂಗೆಗಳೆಲ್ಲ ತೊಗಲು ಮೆತ್ತಗಾಗುವ ರೋಗಕ್ಕೆ ಸತ್ತಿದ್ದರಿಂದ, ಅತ್ತೆಯ ತವರಿನ ಕೊಲ್ಲಿಗೆ ಹೋಗಿ ಹೊಸವನ್ನು ತಾನೇ ಆರಿಸಿ ತಂದಿದ್ದ.

ಶುಕ್ರವಾರ ಬೆಳಗಾಗುತ್ತಲೇ ತೊಟ್ಟಿಯ ಕಪ್ಪು ಬಟ್ಟೆ ಸರಿಸಿದ. ಚೀಲ ಬಾಗಿಲಲ್ಲಿತ್ತು. ಎಂಟಾಯಿತು, ಎಂಟೂವರೆಯಾಯಿತು. ಮೊಂಗೆಗಳು ಪಂಚಾಯಿತಿ ಸದಸ್ಯರಂತೆ ಬಾಯಿ ತೆರೆದು ಸುಮ್ಮನೆ ಕೂತಿದ್ದವು.

“ಬಿಡ್ರೇ, ನಿಮ್ಮ ಕಾಲಿಗೆ ಬೀಳ್ತೀನಿ,” ಎಂದ ದಾಲ್‌ಸು. ಅವಕ್ಕೆ ಕಾಲಿಲ್ಲವೆಂಬುದು ಆಮೇಲೆ ಹೊಳೆಯಿತು.

“ಹೆರೋರನ್ನ ಅವಸರ ಮಾಡಬಾರದು ಅಳಿಯಂದಿರೇ,” ಎಂದರು ಅಂಗಳದಲ್ಲಿ ಅಕ್ಕಿ ತೊಳೆಯುತ್ತಿದ್ದ ಅತ್ತೆ.

ಒಂಬತ್ತಕ್ಕೆ ದೋಣಿ ಕೂಗಿತು. ಓಡಿದರೆ ಸಿಗುತ್ತಿತ್ತು. ಮಿಜೊಂಗ್ ಸೊಂಟಕ್ಕೆ ಕೈಕೊಟ್ಟು ನಿಂತಿದ್ದಳು. ಹೋಗಬೇಡಿ ಎಂದಿದ್ದರೆ ಜಗಳವಾಡಿಯಾದರೂ ಓಡಬಹುದಿತ್ತು. ದೋಣಿ ಹೋಯಿತು.

ಸರಿಯಾಗಿ ನಡುಮಧ್ಯಾಹ್ನ ತೊಟ್ಟಿಯ ನೀರು ಅಕ್ಕಿ ತೊಳೆದ ನೀರಿನಂತೆ ಬೆಳ್ಳಗಾಯಿತು. ಮೂವತ್ತು ಬುಟ್ಟಿಯನ್ನೂ ಎತ್ತಿಹಾಕಿ, ಒದ್ದೆ ಕೈಯಲ್ಲೇ ಅತ್ತೆಯ ತವರಿಗೆ, ಮೊಂಗೆ ಕೊಟ್ಟ ಅವರ ಅಣ್ಣನಿಗೆ ಫೋನ್ ಹಚ್ಚಿದ.

“ಮಾವ, ನಿಮ್ಮ ಮೊಂಗೆ ಮಧ್ಯಾಹ್ನ ಬಿಡ್ತಾವಾ?”

“ಮತ್ತಿನ್ನೇನು? ಒಂದೊಂದು ಕುಲಕ್ಕೆ ಒಂದೊಂದು ಹೊತ್ತು. ಕೊಳ್ಳೋರೆಲ್ಲ ಮೊದಲು ಅದನ್ನೇ ಕೇಳ್ತಾರಪ್ಪ, ನೀನು ಕೇಳಲಿಲ್ಲ. ಹೋಗ್ಲಿ, ನಿಮ್ಮತ್ತೆ ಹೇಳಲಿಲ್ವಾ? ಇಲ್ಲೇ ಹುಟ್ಟಿ ಬೆಳೆದೋಳು!”

ದಾಲ್‌ಸು ಒಳಗೆ ಬಂದ. ಊಟದ ಮಣೆಯ ಮೇಲೆ ಮೂರು ಬಟ್ಟಲು, ಮೂರು ಚಮಚ. ಬೆಳಿಗ್ಗೆ ಅತ್ತೆ ತೊಳೆದ ಅಕ್ಕಿಯೇ ಮೂವರಿಗಾಗುವಷ್ಟಿತ್ತು.

“ಅತ್ತೆ, ನಿಮಗೆ ಗೊತ್ತಿತ್ತು.”

ಮಿಜೊಂಗ್ ತಟ್ಟನೆ ತಾಯಿಯ ಮುಖ ನೋಡಿದಳು. ಅತ್ತೆ ಗೋಡೆಯತ್ತ ಗಲ್ಲ ಎತ್ತಿದರು. ಅಲ್ಲಿ ಅತ್ತೆಯ ಗಂಡನ ಫೋಟೊ, ಪಕ್ಕದಲ್ಲಿ ಮಗನದು.

“ಮೂರು ತಿಂಗಳು ಅಂತ ಅವರೂ ಹೇಳಿದ್ರು. ಇಬ್ಬರೂ ಹಡಗಿನ ಜೊತೆಗೇ ಮುಳುಗಿದ್ರು. ಮೂರನೇ ಮೊಳೆ ಹೊಡೆಯೋಕೆ ಗೋಡೇಲಿ ಜಾಗ ಇಲ್ಲ. ಕೂತ್ಕೊಳ್ಳಿ, ಆರಿಹೋಗುತ್ತೆ.”

ದಾಲ್‌ಸು ಬಾಗಿಲಲ್ಲಿದ್ದ ಚೀಲವನ್ನು ಒಳಗೆಳೆದ. ಅವನು ಕೂತ. ಅನ್ನದ ಮೇಲೆ ಉಪ್ಪು ಹಾಕಿಟ್ಟಿದ್ದ ಮೊಂಗೆ. ಇವತ್ತು ಇಷ್ಟಾದರೂ ಹೇಳಲೇಬೇಕು ಅನ್ನಿಸಿತು.

“ಅತ್ತೆ, ನನಗೆ ಮೊಂಗೆ ಸೇರಲ್ಲ.”

“ಅದೂ ಗೊತ್ತು,” ಎಂದ ಅತ್ತೆ ಇನ್ನೊಂದು ಸೌಟು ಬಡಿಸಿದರು.