ಎಡಗೈಯ ಎರಡು ಬೆರಳು

ಜರ್ಮನಿಯ ಇಂಗೋಲ್‌ಸ್ಟಾಟಿನ ನೀರು ಗಡಸು. ಎರಡು ವಾರಕ್ಕೊಮ್ಮೆ ಕೆಟಲ್‌ನ ತಳದಲ್ಲಿ ಸುಣ್ಣ ಕಟ್ಟುತ್ತದೆ. ವಿನೆಗರ್ ಸುರಿದು ಕುದಿಸಿ ಅದನ್ನು ಬಿಡಿಸುವುದು ನಮ್ಮ ಮನೆಯಲ್ಲಿ ನನ್ನ ಪಾಲಿನ ಕೆಲಸ. ಇವತ್ತು ಬೆಳಿಗ್ಗೆ ಆ ಹುಳಿ ವಾಸನೆ ಅಡುಗೆಮನೆ ತುಂಬಿದಾಗ ಮಗಳು ಮೂಗು ಹಿಡಿದುಕೊಂಡು ಓಡಿದಳು. ನಾನು ಅಲ್ಲೇ ನಿಂತೆ. ಈ ವಾಸನೆಯ ಮುಂದೆ ನಾನು ತಪ್ಪಿತಸ್ಥ.

ಮೊದಲೇ ಹೇಳಿಬಿಡುತ್ತೇನೆ, ನಾನು ಸಂಶಯದ ಪ್ರಾಣಿ. ಕಾರಿನ ಬ್ರೇಕ್ ಸಾಫ್ಟ್‌ವೇರ್ ಪರೀಕ್ಷಿಸುವುದು ನನ್ನ ಹೊಟ್ಟೆಪಾಡು. ಪೆಡಲ್ ಒತ್ತಿದರೆ ಗಾಡಿ ನಿಲ್ಲುತ್ತದೆ ಎಂದು ಯಾರು ಹೇಳಿದರೂ ನಂಬದೆ ಇರುವುದಕ್ಕೇ ನನಗೆ ಸಂಬಳ. ಈ ಗುಣ ಧಾರವಾಡದಿಂದಲೇ ಜೊತೆಗೆ ಬಂತೋ, ಇಲ್ಲಿ ಬಂದು ಬಲಿಯಿತೋ ಗೊತ್ತಿಲ್ಲ. "ನಿಮಗ ದೇವರ ಪ್ರಸಾದ ಕೊಟ್ರೂ ಮೂಸಿ ನೋಡೇ ಬಾಯಿಗೆ ಹಾಕ್ಕೋತೀರಿ" ಎನ್ನುತ್ತಾಳೆ ಹೆಂಡತಿ. ಸುಳ್ಳಲ್ಲ.

ಎಂಟು ವರ್ಷದ ಹಿಂದೆ ಈ ಬಾಡಿಗೆ ಮನೆಗೆ ಬಂದ ಹೊಸತು. ಇಲ್ಲಿ ಪ್ರತಿ ಮನೆಗೂ ನೆಲಮಾಳಿಗೆಯಲ್ಲಿ ಮರದ ಪಟ್ಟಿ ಹೊಡೆದ ಒಂದು ಕೆಲ್ಲರ್ ಗೂಡು ಇರುತ್ತದೆ, ಸೈಕಲ್ಲು, ಹಳೆಯ ಸೂಟ್‌ಕೇಸು ಇಡಲು. ನಮ್ಮ ಪಕ್ಕದ ಗೂಡಿನಿಂದ ವಿನೆಗರ್ ವಾಸನೆ. ಒಳಗೆ ಏನು ನಡೆದಿದೆಯೋ ಎಂದು ನಾನು ಪಟ್ಟಿಯ ಸಂದಿಗೆ ಮೂಗು ತೂರಿಸಿದ್ದಾಗಲೇ ಗೂಡಿನ ಒಡತಿ ಹಿಂದೆ ಬಂದು ನಿಂತಿದ್ದರು. ಕೆಳಮನೆಯ ಫ್ರಾವ್ ಲಿಂಡ್ನರ್, ಎಂಬತ್ತರ ಹತ್ತಿರದ ಒಂಟಿ ಮುದುಕಿ.

"ಏನು ಹುಡುಕುತ್ತಿದ್ದೀರಿ?" ಎಂದು ಜರ್ಮನ್‌ನಲ್ಲಿ ಕೇಳಿದರು.

"ಏನೋ ವಾಸನೆ," ಎಂದೆ, ಕಳ್ಳನ ದನಿಯಲ್ಲಿ.

"ಅದು ನಮ್ಮಜ್ಜಿ," ಎಂದು ಅವರು ಬೀಗ ತೆಗೆದರು.

ಒಳಗೆ ಇದ್ದದ್ದು ತಗಡಿನ ಏಳು ಡಬ್ಬಿ, ಡಬ್ಬಿಗಳಲ್ಲಿ ಹಳೆಯ ಸಿನಿಮಾದ ಸುರುಳಿ. ಫಿಲ್ಮ್ ಮುಪ್ಪಾಗಿ ಕೊಳೆಯತೊಡಗಿದರೆ ಹೀಗೆ ಹುಳಿ ನಾರುತ್ತದಂತೆ. ಅವರ ಅಜ್ಜಿ ಮೂಕಿ ಚಿತ್ರಗಳ ನಟಿ. ಹದಿನೇಳಕ್ಕೇ ಕ್ಯಾಮೆರಾ ಮುಂದೆ ನಿಂತವಳು, ಗಿರಣಿ ಹುಡುಗಿಯಿಂದ ರಾಣಿಯವರೆಗೆ ಎಲ್ಲ ವೇಷ ಹಾಕಿದಳು. ಕೊನೆಗೆ ಒಂದು ಚಿತ್ರವನ್ನು ತಾನೇ ನಿರ್ದೇಶಿಸಿದಳು; ಅದಕ್ಕೆ ಗಂಡನ ಹೆಸರು ಹಾಕಿದರು. ಮಾತಿನ ಸಿನಿಮಾ ಬಂದ ಮೇಲೆ ಅವಳನ್ನು ಯಾರೂ ಕರೆಯಲಿಲ್ಲ. ಉಳಿದ ಆಯುಷ್ಯವೆಲ್ಲ ಗುಂಡಿ, ದಾರದ ಅಂಗಡಿ ನಡೆಸಿದಳು. ಹಳೆಯ ಚಿತ್ರಗಳನ್ನು ಕಾಪಾಡುವ ಸಂಗ್ರಹಾಲಯವೊಂದಕ್ಕೆ ಮೊಮ್ಮಗಳು ಪತ್ರ ಬರೆದರೆ, ದಾಖಲೆಯಲ್ಲಿ ನಿರ್ದೇಶಕ ಗಂಡನೇ ಇದ್ದಾನೆ, ಬೇರೆ ಸಾಕ್ಷಿ ಇದ್ದರೆ ಕಳಿಸಿ ಎಂಬ ಉತ್ತರ ಬಂದಿತ್ತು.

"ನನ್ನ ನೋಟದ ನಡುವೆ ಕಪ್ಪು ಕೂತಿದೆ, ಸಣ್ಣದು ಕಾಣುವುದಿಲ್ಲ. ನೀವು ಎಂಜಿನಿಯರ್. ನೋಡಿ, ಕಂಡದ್ದನ್ನು ಹೇಳಿ," ಎಂದರು.

ಮುದುಕಿ ಅಜ್ಜಿಗೆ ಬಣ್ಣ ಬಳಿಯುತ್ತಿದ್ದಾಳೆ ಎಂದು ನನಗೆ ಆಗಲೇ ಗುಮಾನಿ. ಆದರೂ ಎರಡು ಭಾನುವಾರ ಅವರ ಕಿಟಕಿಯ ಬೆಳಕಿಗೆ ಸುರುಳಿ ಹಿಡಿದು ಭೂತಕನ್ನಡಿಯಲ್ಲಿ ನೋಡಿದೆ. ಅಜ್ಜಿ ನಿರ್ದೇಶಿಸಿದಳೆಂಬ ಆ ಚಿತ್ರದ, ಕತ್ತರಿಸಿ ಜೋಡಿಸುವ ಮುಂಚಿನ ಬಿಡಿ ತುಣುಕುಗಳ ನಕಲು ಅವು; ನಾಯಕಿಯೂ ಅಜ್ಜಿಯೇ. ನಾಯಕಿ ಅಳುತ್ತಿರಲಿ, ಪ್ರೇಮಿಸುತ್ತಿರಲಿ, ಪ್ರತಿ ತುಣುಕಿನ ಕೊನೆಗೆ ಮುಖ ಕದಲಿಸದೆ ಎಡಗೈಯ ಎರಡು ಬೆರಳನ್ನು ಸೊಂಟದ ಹತ್ತಿರ ಕೆಳಕ್ಕೆ ಚಾಚುತ್ತಿದ್ದಳು. ಅಲ್ಲಿಗೆ ತುಣುಕು ಮುಗಿಯುತ್ತಿತ್ತು. ನಟಿಯ ಏನೋ ಚಾಳಿ ಅಂದುಕೊಂಡೆ. ಆಫೀಸಿನ ನಮೂನೆಯಲ್ಲೇ ಒಂದು ಪುಟ ರಿಪೋರ್ಟ್ ಟೈಪ್ ಮಾಡಿ ಅವರಿಗೆ ಓದಿ ಹೇಳಿದೆ: ಕಂಡದ್ದು, ನಟಿ ಕೈ ಆಡಿಸುತ್ತಾಳೆ, ತೀರ್ಮಾನ, ಸಾಕ್ಷಿ ಸಾಲದು. ಅವರು ಅದನ್ನು ನಾಲ್ಕು ಮಡಿಕೆ ಮಾಡಿ ಕೈಚೀಲಕ್ಕೆ ಹಾಕಿಕೊಂಡರು. ಮತ್ತೆ ಆ ಮಾತು ತೆಗೆಯಲಿಲ್ಲ.

ಮರುವರ್ಷ ಅವರು ಊರಂಚಿನ ವೃದ್ಧಾಶ್ರಮ ಸೇರಿದರು. ಸೋದರಳಿಯ ಬಂದು ಗೂಡು ಖಾಲಿ ಮಾಡಿದ. ಹರಿದ ಸೋಫಾ, ಮುರಿದ ಕುರ್ಚಿಗಳ ಜೊತೆ ಏಳು ಡಬ್ಬಿಯೂ ಕಸದ ಲಾರಿ ಹತ್ತಿದ್ದನ್ನು ನಾನು ಚಹಾ ಕುಡಿಯುತ್ತ ಬಾಲ್ಕನಿಯಿಂದ ನೋಡಿದೆ. ಚಹಾ ರುಚಿಯಾಗಿಯೇ ಇತ್ತು. ಅದನ್ನು ನೆನೆದರೆ ಈಗ ನಾಚಿಕೆಯಾಗುತ್ತದೆ.

ಕಳೆದ ತಿಂಗಳು ಮಗಳು ಶಾಲೆಗೆಂದು ಗೆಳತಿಯ ಜೊತೆ ನಮ್ಮ ಹಾಲ್‌ನಲ್ಲಿ ವಿಡಿಯೋ ಮಾಡುತ್ತಿದ್ದಳು. ಹನ್ನೊಂದರ ಹುಡುಗಿ, ನಾಯಿ ಕಳೆದುಕೊಂಡವಳ ಪಾತ್ರ, ಭರ್ಜರಿ ಅಳು. ಅಳುತ್ತಲೇ ಎರಡು ಬೆರಳನ್ನು ಸೊಂಟದ ಬಳಿ ಕೆಳಗೆ ತೋರಿಸಿದಳು. ಗೆಳತಿ ಫೋನ್ ನಿಲ್ಲಿಸಿದಳು.

"ಏನದು?" ಎಂದೆ.

"ಅದು ‘ಶ್ಲುಸ್’ ಪಪ್ಪಾ. ಬಂದ್ ಮಾಡು ಅಂತ. ಹೀರೋಯಿನ್ನೂ ನಾನ, ಡೈರೆಕ್ಟರೂ ನಾನ. ಬಾಯಿ ತೆರದ್ರ ಅಳೋ ಮುಖ ಕೆಡ್ತದಲ್ಲ?"

ಏಳು ಡಬ್ಬಿಯ ಸುರುಳಿ ನೆನಪಾಯಿತು. ಬೆರಳು ಇಳಿಯಿತು, ಯಂತ್ರ ನಿಂತಿತು. ಪೆಡಲ್ ಇಳಿಯಿತು, ಗಾಡಿ ನಿಂತಿತು ಎಂದು ಹದಿನೈದು ವರ್ಷದಿಂದ ನಾನು ಆಫೀಸಿನಲ್ಲಿ ದಿನಾ ನೋಡುವುದು ಇದನ್ನೇ ಅಲ್ಲವೇ?

ಆ ಭಾನುವಾರವೇ ಮಗಳನ್ನು ಕರೆದುಕೊಂಡು ವೃದ್ಧಾಶ್ರಮಕ್ಕೆ ಹೋದೆ. ಫ್ರಾವ್ ಲಿಂಡ್ನರ್‌ಗೆ ಈಗ ಏನೂ ಕಾಣುವುದಿಲ್ಲ. ನಿಮ್ಮ ಅಜ್ಜಿಯೇ ನಿರ್ದೇಶಕಿ, ಅವಳು ಸನ್ನೆ ಕೊಟ್ಟ ಮೇಲೆಯೇ ಕ್ಯಾಮೆರಾ ನಿಲ್ಲುತ್ತಿತ್ತು ಎಂದೆ.

"ಮುದುಕಿಯನ್ನು ಸಮಾಧಾನ ಮಾಡಲು ಬಂದಿರಾ?" ಎಂದರು. "ಸಾಕ್ಷಿ ಸಾಲದು ಎಂದವರು ನೀವೇ. ಈಗ ಸಾಕ್ಷಿ ಎಲ್ಲಿದೆ?"

ನಾನು ಕುರ್ಚಿಯನ್ನು ಅವರ ಹತ್ತಿರಕ್ಕೆ ಎಳೆದುಕೊಂಡೆ.

"ಯಾವ ಸನ್ನೆ? ಯಾವ ಕೈ?" ಎಂದು ಅವರೇ ಕೇಳಿದರು.

"ಎಡಗೈ. ಎರಡು ಬೆರಳು, ಕೆಳಕ್ಕೆ."

ಅವರ ಎಡಗೈಯ ಎರಡು ಬೆರಳು ಮಡಿಲ ಮೇಲೆ ತಾವಾಗಿಯೇ ಕೆಳಗೆ ಬಾಗಿದವು.

"ಚಿಕ್ಕವಳಿದ್ದಾಗ ನಾನು ಅಳುತ್ತಿದ್ದರೆ ಅಜ್ಜಿ ಹೀಗೆ ಮಾಡುತ್ತಿದ್ದಳು, ಸಾಕು ನಿಲ್ಲಿಸು ಎಂದು. ಇದನ್ನು ನಾನು ಯಾರಿಗೂ ಹೇಳಿಲ್ಲ," ಎಂದರು. "ನಿಮ್ಮ ರಿಪೋರ್ಟಿನಲ್ಲಿ ಕೈ ಎಂದಷ್ಟೇ ಇತ್ತು. ಬೆರಳು ಎಂದಿದ್ದರೆ ಅವತ್ತೇ ಡಬ್ಬಿಗಳನ್ನು ಸಂಗ್ರಹಾಲಯಕ್ಕೆ ಕಳಿಸಿಬಿಡುತ್ತಿದ್ದೆ."

ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಅವರು ಬೈಯಲಿಲ್ಲ.

ಕಂಡದ್ದಷ್ಟನ್ನೂ ಬರೆದು, ಸಹಿ ಹಾಕಿ ಸಂಗ್ರಹಾಲಯಕ್ಕೆ ಕಳಿಸಿದ್ದೇನೆ. ಉತ್ತರ ಬಂದಿಲ್ಲ. ಅಲ್ಲಿಯೂ ನನ್ನಂಥವನೇ ಒಬ್ಬ ಕೂತಿರುತ್ತಾನೆ, ಫಿಲ್ಮ್ ಎಲ್ಲಿ ಎಂದು ಕೇಳುತ್ತಾನೆ. ಕೇಳಬೇಕಾದ್ದೇ.

ಕೆಟಲ್ ತೊಳೆದಿಟ್ಟು ಕಿಟಕಿ ತೆರೆದೆ. ಮಗಳು ಬಾಗಿಲಲ್ಲಿ ಇಣುಕಿ ಕೇಳಿದಳು, "ವಾಸನೆ ಹೋತೇನು, ಪಪ್ಪಾ?"

"ಇಲ್ಲವ್ವಾ," ಎಂದೆ. "ಇನ್ನೂ ಅದ."